ಒಂದೇ ತಾರೀಖು, ಹಲವು ಘಟನೆ: ‘ದಿನ ವಿಶೇಷ’ ಸಿದ್ಧಪಡಿಸುವುದು ಹೇಗೆ?

ಶಾಲೆಯ ಬೆಳಗಿನ ಪ್ರಾರ್ಥನೆಯಲ್ಲಿ ‘ಇಂದಿನ ದಿನ ವಿಶೇಷ’ ಓದುವ ರೂಢಿ ನಮ್ಮಲ್ಲಿ ಹಳೆಯದು. ಅದೇ ಪಟ್ಟಿ ಈಗ ಗ್ರಾಮ ಪಂಚಾಯಿತಿಯ ಅರಿವು ಕೇಂದ್ರದ ಹಲಗೆಗೂ ಕಾಲೇಜಿನ ಭಿತ್ತಿಪತ್ರಿಕೆಗೂ ವಾಟ್ಸ್‌ಆ್ಯಪ್ ಗುಂಪುಗಳಿಗೂ ಬಂದಿದೆ. ಇಂಥವರು ಹುಟ್ಟಿದರು, ಇಂಥವರು ತೀರಿಕೊಂಡರು, ಇಂಥ ದೇಶ ಸ್ವತಂತ್ರವಾಯಿತು ಎಂದು ಹತ್ತು ಸಾಲು ಓದಿ ಮುಗಿಸುತ್ತಾರೆ. ತರಗತಿಗೆ ಹೋಗುವಷ್ಟರಲ್ಲಿ ಮಕ್ಕಳಿಗೆ ಅದರಲ್ಲಿ ಒಂದೂ ನೆನಪಿರುವುದಿಲ್ಲ. ಆ ಸಾಲುಗಳಿಗೆ ಒಂದಕ್ಕೊಂದು ನಂಟು ಉಂಟೋ ಇಲ್ಲವೋ ಎಂಬುದನ್ನು ಯಾರೂ ಹೇಳಿರುವುದಿಲ್ಲ, ಅದಕ್ಕೇ.

ಒಂದೇ ತಾರೀಖಿಗೆ ಬಂದು ಸೇರುವ ಘಟನೆಗಳಲ್ಲಿ ಎರಡು ಬಗೆ. ಕೆಲವು ಅದರ ಪಾಡಿಗೆ ಅದು ಬಂದು ಸೇರಿದವು. ಇನ್ನು ಕೆಲವನ್ನು ಯಾರೋ ಬೇಕೆಂದೇ ಆ ದಿನಕ್ಕೆ ತಂದು ನಿಲ್ಲಿಸಿದ್ದಾರೆ. ಇವೆರಡನ್ನೂ ಬೇರೆ ಮಾಡಿ ತೋರಿಸಿದರೆ ಸಾಕು, ಪಟ್ಟಿ ಹೋಗಿ ಕಥೆ ಬರುತ್ತದೆ. ಎಲ್ಲರಿಗೂ ಗೊತ್ತಿರುವ ಆಗಸ್ಟ್ 15ನ್ನೇ ಇಟ್ಟುಕೊಂಡು ಈ ಕೆಲಸವನ್ನು ಹಂತ ಹಂತವಾಗಿ ನೋಡೋಣ. ಇದೇ ಕ್ರಮ ಬೇರೆ ಯಾವ ದಿನಕ್ಕೂ ಒಗ್ಗುತ್ತದೆ.

ಹೆಜ್ಜೆ 1: ದಿನಕ್ಕೊಂದು ಪುಟ

ಉದ್ದನೆಯ ನೋಟ್‌ಪುಸ್ತಕದಲ್ಲಿ ಒಂದು ತಾರೀಖಿಗೆ ಒಂದು ಪುಟ ಬಿಡಿ. ಪುಟಕ್ಕೆ ಅಡ್ಡಲಾಗಿ ಆರು ಕಲಂ ಎಳೆಯಿರಿ: ಇಸವಿ, ಘಟನೆ, ನಡೆದ ಊರು, ಗೊತ್ತಿದ್ದರೆ ಹೊತ್ತು, ಮಾಹಿತಿ ಸಿಕ್ಕಿದ ಮೂಲ, ಕೊನೆಯದು ‘ಆಕಸ್ಮಿಕವೋ ಆಯ್ಕೆಯೋ’. ಕೊನೆಯ ಕಲಂ ಬಹಳ ದಿನ ಖಾಲಿ ಉಳಿಯುತ್ತದೆ. ಇರಲಿ, ಅದನ್ನು ತುಂಬಿಸುವುದಕ್ಕಾಗಿಯೇ ಉಳಿದ ಕೆಲಸವೆಲ್ಲ.

ಓದುವವರು ಯಾರು ಎಂಬುದೂ ಈಗಲೇ ಗೊತ್ತಾಗಬೇಕು. ಐದನೇ ತರಗತಿಯವರಿಗೆ ಮೂರು ಘಟನೆ ಹೆಚ್ಚೇ ಆಯಿತು. ಭಿತ್ತಿಪತ್ರಿಕೆಗಾದರೆ ಏಳೆಂಟು ಹಿಡಿಸುತ್ತವೆ.

ಹೆಜ್ಜೆ 2: ಸಿಕ್ಕಿದ್ದನ್ನೆಲ್ಲ ಬರೆದುಕೊಳ್ಳಿ

ಮೊದಲ ಸುತ್ತಿನಲ್ಲಿ ಆರಿಸಲು ಹೋಗಬೇಡಿ. ಆಗಸ್ಟ್ 15ರ ಪುಟಕ್ಕೆ ಬರುವುದು ಹೀಗೆ: 1769ರಲ್ಲಿ ನೆಪೋಲಿಯನ್, 1872ರಲ್ಲಿ ಅರವಿಂದರು ಹುಟ್ಟಿದ್ದು. 1914ರಲ್ಲಿ ಪನಾಮಾ ಕಾಲುವೆ ಹಡಗುಗಳಿಗೆ ತೆರೆದದ್ದು. 1942ರಲ್ಲಿ ಪುಣೆಯ ಆಗಾಖಾನ್ ಅರಮನೆಯ ಸೆರೆಯಲ್ಲಿ ಗಾಂಧೀಜಿಯವರ ಕಾರ್ಯದರ್ಶಿ ಮಹಾದೇವ ದೇಸಾಯಿ ತೀರಿಕೊಂಡದ್ದು. 1945ರಲ್ಲಿ ಜಪಾನಿನ ಚಕ್ರವರ್ತಿ ಹಿರೋಹಿತೊ ಶರಣಾಗತಿಯ ಮಾತನ್ನು ರೇಡಿಯೊದಲ್ಲಿ ಆಡಿದ್ದು. 1947, ಭಾರತ. 1948ರಲ್ಲಿ ದಕ್ಷಿಣ ಕೊರಿಯಾ ಗಣರಾಜ್ಯ ಸ್ಥಾಪನೆಯಾದದ್ದು. 1950ರ ಅಸ್ಸಾಂ ಭೂಕಂಪ. 1955ರಲ್ಲಿ ಗೋವಾ ಗಡಿ ದಾಟಿದ ನಿರಾಯುಧ ಸತ್ಯಾಗ್ರಹಿಗಳ ಮೇಲೆ ಪೋರ್ಚುಗೀಸರು ಗುಂಡು ಹಾರಿಸಿದ್ದು. 1960ರಲ್ಲಿ ಬ್ರಾಜಾವಿಲ್ ರಾಜಧಾನಿಯಾಗಿರುವ ಕಾಂಗೊ ಸ್ವತಂತ್ರವಾದದ್ದು. 1969ರಲ್ಲಿ ಇಸ್ರೊ, 1972ರಲ್ಲಿ ಅಂಚೆಯ ಪಿನ್‌ಕೋಡ್. 1971ರಲ್ಲಿ ಅಮೆರಿಕದ ಅಧ್ಯಕ್ಷ ನಿಕ್ಸನ್ ಡಾಲರಿಗೂ ಚಿನ್ನಕ್ಕೂ ಇದ್ದ ಗಂಟನ್ನು ಬಿಚ್ಚಿದ್ದು. 1975ರಲ್ಲಿ ಢಾಕಾದಲ್ಲಿ ಶೇಖ್ ಮುಜಿಬುರ್ ರಹಮಾನ್ ಹತ್ಯೆ. 2021ರಲ್ಲಿ ತಾಲಿಬಾನ್ ಕಾಬೂಲಿಗೆ ನುಗ್ಗಿದ್ದು.

ಇವುಗಳ ಜೊತೆಗೆ ನಮ್ಮ ಸಂಗೊಳ್ಳಿ ರಾಯಣ್ಣ. ಕರ್ನಾಟಕದಲ್ಲಿ ಅವನ ಜಯಂತಿಯನ್ನು ಆಗಸ್ಟ್ 15ರಂದೇ ಆಚರಿಸುತ್ತೇವೆ.

ಇಷ್ಟನ್ನು ಅಂತರ್ಜಾಲದಲ್ಲಿ ಯಾರಾದರೂ ಹುಡುಕಿ ತೆಗೆಯಬಹುದು. ನಿಮ್ಮ ಕೆಲಸ ಇನ್ನು ಮುಂದಿನದು.

ಹೆಜ್ಜೆ 3: ಯಾವ ಊರಿನ ತಾರೀಖು?

ಪ್ರತಿ ಘಟನೆಯ ಮುಂದೆ ಊರನ್ನೂ ಹೊತ್ತನ್ನೂ ಬರೆಯಿರಿ ಎಂದದ್ದು ಇದಕ್ಕಾಗಿ. ಹಿರೋಹಿತೊ ಭಾಷಣ ಪ್ರಸಾರವಾದಾಗ ಟೋಕಿಯೊದಲ್ಲಿ ಆಗಸ್ಟ್ 15ರ ನಡುಮಧ್ಯಾಹ್ನ. ವಾಷಿಂಗ್ಟನ್ನಿನಲ್ಲಿ ಆಗ ಇನ್ನೂ 14ರ ರಾತ್ರಿ. ಅಮೆರಿಕದ ಅಧ್ಯಕ್ಷ ಟ್ರೂಮನ್ ಜಪಾನ್ ಶರಣಾದ ಸುದ್ದಿಯನ್ನು ತಮ್ಮ ಜನರಿಗೆ ತಿಳಿಸಿದ್ದು 14ರ ಸಂಜೆ ಏಳು ಗಂಟೆಗೆ. ಹಾಗಾಗಿ ಅಮೆರಿಕದ ಪುಸ್ತಕಗಳಲ್ಲಿ 14, ಜಪಾನಿನ ಪುಸ್ತಕಗಳಲ್ಲಿ 15 ಎಂದಿದ್ದರೆ ಎರಡೂ ಸರಿ. ಶರಣಾಗತಿಯ ಪತ್ರಕ್ಕೆ ಮಿಸೌರಿ ಹಡಗಿನ ಮೇಲೆ ಸಹಿ ಬಿದ್ದದ್ದು ಸೆಪ್ಟೆಂಬರ್ 2ರಂದು, ಅದು ಮೂರನೆಯ ತಾರೀಖು. ನೀವು ಬರೆಯುತ್ತಿರುವುದು ಇವುಗಳಲ್ಲಿ ಯಾವುದು ಎಂದು ಸಾಲಿನಲ್ಲೇ ಹೇಳಿಬಿಡಿ: ‘ಜಪಾನ್ ಶರಣಾಯಿತು’ ಎನ್ನುವ ಬದಲು ‘ಶರಣಾಗುತ್ತಿರುವುದಾಗಿ ಚಕ್ರವರ್ತಿ ರೇಡಿಯೊದಲ್ಲಿ ಹೇಳಿದರು’ ಎಂದರೆ ತಾರೀಖು ಗಟ್ಟಿಯಾಗುತ್ತದೆ.

ನಿಕ್ಸನ್ ಘೋಷಣೆಯೂ ಹೀಗೆಯೇ. ವಾಷಿಂಗ್ಟನ್ನಿನಲ್ಲಿ ಭಾನುವಾರ ರಾತ್ರಿ ಒಂಬತ್ತಕ್ಕೆ ಅವರು ಮಾತಾಡಿದಾಗ ನಮ್ಮಲ್ಲಿ 16ರ ಬೆಳಗಾಗಿತ್ತು. ನಮ್ಮದೇ ಸ್ವಾತಂತ್ರ್ಯದ ನಡುರಾತ್ರಿಯಲ್ಲಿ ಲಂಡನ್ನಿನವರಿಗೆ ಇನ್ನೂ 14ರ ಸಂಜೆ. ನಿಯಮ ಒಂದೇ ಸಾಕು: ಘಟನೆ ನಡೆದ ಊರಿನ ತಾರೀಖನ್ನೇ ಬರೆಯುವುದು, ನಮ್ಮ ಗಡಿಯಾರಕ್ಕೆ ತಿರುಗಿಸಲು ಹೋಗದಿರುವುದು.

ಹೆಜ್ಜೆ 4: ಹಳೆಯದಾದರೆ ಯಾವ ಲೆಕ್ಕದ ತಾರೀಖು?

1900ರ ಈಚಿನ ಭಾರತದ ಘಟನೆಗಳಿಗೆ ಈ ಹೆಜ್ಜೆ ಬೇಕಾಗುವುದು ಅಪರೂಪ. ಅದಕ್ಕೂ ಹಿಂದಕ್ಕೆ ಹೋದಂತೆಲ್ಲ ಇದನ್ನು ಬಿಟ್ಟರೆ ಕೆಟ್ಟಿತು.

ನಾವು ಈಗ ಬಳಸುವುದು ಗ್ರೆಗೋರಿಯನ್ ಕ್ಯಾಲೆಂಡರ್. 1582ರಲ್ಲಿ ಪೋಪ್ ಹದಿಮೂರನೆಯ ಗ್ರೆಗೋರಿ ಅದನ್ನು ತಂದಾಗ ಅಕ್ಟೋಬರ್ 4ರ ಮಾರನೆಯ ದಿನವನ್ನು 15 ಎಂದು ಕರೆದರು. ಸ್ಪೇನ್, ಇಟಲಿಗಳು ಆಗಲೇ ಒಪ್ಪಿಕೊಂಡವು. ಇಂಗ್ಲೆಂಡ್ 1752ರ ತನಕ ಹಳೆಯ ಜೂಲಿಯನ್ ಲೆಕ್ಕದಲ್ಲೇ ಇತ್ತು, ರಷ್ಯಾ 1918ರ ತನಕ. ರಷ್ಯಾದ ಅಕ್ಟೋಬರ್ ಕ್ರಾಂತಿಯ ದಿನ ನವೆಂಬರ್ 7ಕ್ಕೆ ಬರುವುದು ಇದೇ ಕಾರಣಕ್ಕೆ.

ಏಪ್ರಿಲ್ 23 ವಿಶ್ವ ಪುಸ್ತಕ ದಿನ. ‘ಶೇಕ್ಸ್‌ಪಿಯರ್ ಮತ್ತು ಸ್ಪೇನಿನ ಲೇಖಕ ಸೆರ್ವಾಂಟಿಸ್ ಇಬ್ಬರೂ 1616ರ ಇದೇ ದಿನ ತೀರಿಕೊಂಡರು’ ಎಂಬ ಸಾಲು ಆವತ್ತು ಎಷ್ಟೋ ಗ್ರಂಥಾಲಯಗಳ ಹಲಗೆ ಮೇಲೆ ಬರುತ್ತದೆ. ಇಂಗ್ಲೆಂಡಿನ ಏಪ್ರಿಲ್ 23ಕ್ಕೂ ಸ್ಪೇನಿನ ಏಪ್ರಿಲ್ 23ಕ್ಕೂ ಆಗ ಹತ್ತು ದಿನಗಳ ಅಂತರ. ಅದೂ ಸಾಲದೆಂಬಂತೆ, ಸೆರ್ವಾಂಟಿಸ್ ತೀರಿಕೊಂಡದ್ದು 22ರಂದು, 23 ಅವರ ಶವಸಂಸ್ಕಾರದ ದಿನ. ತಾರೀಖಿನ ಅಂಕಿ ಒಂದೇ, ದಿನ ಬೇರೆ. ಹೀಗೆಂದು ಹಲಗೆಯ ಮೇಲೆ ಬರೆದರೆ ಮೂಲ ಸಾಲಿಗಿಂತ ಇದನ್ನೇ ಜನ ನಿಂತು ಓದುತ್ತಾರೆ.

ನಮ್ಮ ನಾಡಿನ ಹಳೆಯ ಘಟನೆಗಳಿಗೆ ಇನ್ನೊಂದು ಮೆಟ್ಟಿಲಿದೆ. ಶಾಸನಗಳು ಕೊಡುವುದು ಶಕವರ್ಷ, ಸಂವತ್ಸರ, ಮಾಸ, ಪಕ್ಷ, ತಿಥಿ, ವಾರ. ಕೆಲವೊಮ್ಮೆ ಗ್ರಹಣವನ್ನೂ ಹೇಳುತ್ತವೆ. ಅದನ್ನು ವಿದ್ವಾಂಸರು ಲೆಕ್ಕ ಹಾಕಿ ಜೂಲಿಯನ್ ತಾರೀಖಿಗೆ ತರುತ್ತಾರೆ. ತುಮಕೂರು ಜಿಲ್ಲೆಯ ಹೊನ್ನೇನಹಳ್ಳಿಯಲ್ಲಿ 2021ರಲ್ಲಿ ಬೆಳಕಿಗೆ ಬಂದ ಶಾಸನದಿಂದ ಕೃಷ್ಣದೇವರಾಯ ತೀರಿಕೊಂಡ ದಿನ 1529ರ ಅಕ್ಟೋಬರ್ 17, ಭಾನುವಾರ, ಚಂದ್ರಗ್ರಹಣದ ದಿನ ಎಂದು ತಿಳಿದುಬಂತು. ಈಗ ಇಂದಿನ ಲೆಕ್ಕವನ್ನೇ ಹಿಂದಕ್ಕೆ ಎಳೆಯುವ ಕ್ಯಾಲೆಂಡರ್ ಆ್ಯಪ್ ಒಂದರಲ್ಲಿ ಈ ತಾರೀಖನ್ನು ಹಾಕಿ ನೋಡಿ, ಗುರುವಾರ ಎನ್ನುತ್ತದೆ. ಶಾಸನ ತಪ್ಪಿಲ್ಲ, ಆ್ಯಪ್ ಲೆಕ್ಕ ಹಾಕಿದ್ದು ಬೇರೆ ಕ್ಯಾಲೆಂಡರಿನಲ್ಲಿ. ಜೂಲಿಯನ್ ಲೆಕ್ಕ ಹಾಕಿದರೆ ಸರಿಯಾಗಿ ಭಾನುವಾರವೇ ಸಿಗುತ್ತದೆ. ವಿಜಯನಗರದ ಸೇನೆ ಸೋತ ಯುದ್ಧದ ತಾರೀಖಾದ 1565ರ ಜನವರಿ 23 ಮಂಗಳವಾರವಾಗುವುದೂ ಜೂಲಿಯನ್ ಲೆಕ್ಕದಲ್ಲೇ. ಹಳೆಯ ತಾರೀಖಿನ ಪಕ್ಕ ವಾರ ಸಿಕ್ಕಿದರೆ ಬಿಡಬೇಡಿ, ಅದನ್ನು ತಾಳೆ ನೋಡುವುದಕ್ಕಿಂತ ಒಳ್ಳೆಯ ಪರೀಕ್ಷೆ ಇಲ್ಲ. ಹಲಗೆಯ ಮೇಲೆ ಬರೆಯುವಾಗ 1582ಕ್ಕಿಂತ ಹಿಂದಿನ ತಾರೀಖನ್ನು ಪುಸ್ತಕದಲ್ಲಿ ಇರುವಂತೆಯೇ ಬಿಡಿ, ‘ಹಳೆಯ ಲೆಕ್ಕದಂತೆ’ ಎಂದು ಒಂದು ಮಾತು ಸೇರಿಸಿ.

ಬಸವ ಜಯಂತಿಯಂಥ ತಿಥಿಯ ದಿನಗಳನ್ನು ಈ ಪುಟಗಳಿಗೆ ತರಬೇಡಿ. ವೈಶಾಖ ಶುದ್ಧ ತದಿಗೆ ಪ್ರತಿ ವರ್ಷ ಬೇರೆ ತಾರೀಖಿಗೆ ಬರುತ್ತದೆ. ಅವುಗಳಿಗೆ ಹಿಂಬದಿಯಲ್ಲಿ ಬೇರೆಯೇ ಪುಟ ಇಟ್ಟು, ಯುಗಾದಿಯ ಹೊತ್ತಿಗೆ ಹೊಸ ಪಂಚಾಂಗ ನೋಡಿ ತಾರೀಖು ತುಂಬಿಸಿಕೊಳ್ಳಿ.

ಹೆಜ್ಜೆ 5: ಮೂಲ ನೋಡದೆ ಬರೆಯಬೇಡಿ

1947ರ ಆಗಸ್ಟ್ 15ರಂದು ನೆಹರೂ ಕೆಂಪುಕೋಟೆಯ ಮೇಲೆ ಧ್ವಜ ಹಾರಿಸಿದರು. ಈ ಸಾಲನ್ನು ಓದಿದವರಿಗೆ ಅನುಮಾನವೇ ಬರುವುದಿಲ್ಲ, ಏಕೆಂದರೆ ಆಮೇಲಿನ ಪ್ರತಿ ವರ್ಷ ಹಾಗೆಯೇ ನಡೆದಿದೆ. ಆದರೆ ಆ ಮೊದಲ ವರ್ಷ ಅವರು ಕೆಂಪುಕೋಟೆಯಲ್ಲಿ ಧ್ವಜ ಹಾರಿಸಿದ್ದು 16ರ ಬೆಳಿಗ್ಗೆ. ‘ವಿಧಿಯೊಡನೆ ಒಪ್ಪಂದ’ದ ಪ್ರಸಿದ್ಧ ಭಾಷಣವನ್ನೂ ಅವರು ಸಂವಿಧಾನ ಸಭೆಯಲ್ಲಿ ಆಡಿದ್ದು ನಡುರಾತ್ರಿಗೆ ಮುಂಚೆ, ಅಂದರೆ 14ರಂದು. ರೂಢಿಯಿಂದ ‘ಹೀಗೇ ಇರಬೇಕು’ ಎನಿಸುವ ಸಾಲನ್ನೇ ಮೊದಲು ಪರೀಕ್ಷಿಸಬೇಕು.

ಎಲ್ಲಿ ನೋಡುವುದು? ಸಂವಿಧಾನ ಸಭೆಯ ಚರ್ಚೆಗಳು ದಿನವಾರು ಅಚ್ಚಾಗಿವೆ, ಅಂತರ್ಜಾಲದಲ್ಲೂ ಸಿಗುತ್ತವೆ. ಗಾಂಧೀಜಿಯವರ ಸಮಗ್ರ ಬರಹಗಳ ನೂರು ಸಂಪುಟಗಳಲ್ಲಿ ಹೆಚ್ಚಿನವು ತಾರೀಖಿನ ಕ್ರಮದಲ್ಲೇ ಇವೆ. ಒಂದು ದಿನ ಅವರು ಯಾವ ಊರಲ್ಲಿದ್ದರು, ಯಾರಿಗೆ ಕಾಗದ ಬರೆದರು ಎಂದು ನೋಡಲು ಅದಕ್ಕಿಂತ ಅನುಕೂಲದ ಆಕರ ನನಗೆ ಕಂಡಿಲ್ಲ. ನಾಡಿನ ವಿಷಯಕ್ಕೆ ಜಿಲ್ಲಾ ಗೆಜೆಟಿಯರ್‌ಗಳು, ಮೈಸೂರು ವಿಶ್ವವಿದ್ಯಾನಿಲಯದ ಕನ್ನಡ ವಿಶ್ವಕೋಶ, ಶಾಸನಗಳಿಗೆ ಎಪಿಗ್ರಾಫಿಯಾ ಕರ್ನಾಟಿಕಾ ಸಂಪುಟಗಳು. ಜಿಲ್ಲಾ ಕೇಂದ್ರ ಗ್ರಂಥಾಲಯದಲ್ಲಿ ಕೇಳಿ ನೋಡಿ. ಹಳೆಯ ದಿನಪತ್ರಿಕೆ ಸಿಕ್ಕಿದರೆ ಒಂದು ಎಚ್ಚರ: 16ರ ಪತ್ರಿಕೆಯಲ್ಲಿರುವುದು 15ರ ಸುದ್ದಿ. ಮುಖಪುಟದ ತಾರೀಖನ್ನೇ ಘಟನೆಯ ತಾರೀಖೆಂದು ಇಳಿಸಿಕೊಂಡು ಒಂದು ದಿನ ತಪ್ಪುವುದು ಬಹಳ ಸಾಮಾನ್ಯ.

ಹುಟ್ಟಿದ ದಿನಗಳಲ್ಲಿ ಇನ್ನೂ ಜಾಗ್ರತೆ ಬೇಕು. ನಮ್ಮಲ್ಲಿ ಎಷ್ಟೋ ಹಿರಿಯರ ದಾಖಲೆಯಲ್ಲಿ ಜೂನ್ 1 ಎಂದಿರುತ್ತದೆ. ಶಾಲೆಗೆ ಸೇರಿಸುವಾಗ ಮೇಷ್ಟ್ರು ವಯಸ್ಸು ಹೊಂದುವಂತೆ ಬರೆದುಕೊಂಡ ತಾರೀಖು ಅದು. ರಾಯಣ್ಣನ ವಿಷಯದಲ್ಲಿ, ನಂದಗಡದಲ್ಲಿ ಅವನನ್ನು ಗಲ್ಲಿಗೇರಿಸಿದ ದಿನ 1831ರ ಜನವರಿ 26. ಅದು ಕಂಪನಿ ಸರಕಾರದ ಕೈಯಿಂದ ನಡೆದ ಘಟನೆ. ಹುಟ್ಟಿದ ದಿನಕ್ಕೆ ಹಾಗಲ್ಲ. ಹದಿನೆಂಟನೇ ಶತಮಾನದ ಹಳ್ಳಿಯಲ್ಲಿ ಜನನ ನೋಂದಣಿ ಎಲ್ಲಿಯದು? ಆಗಸ್ಟ್ 15 ಜನರ ನಂಬಿಕೆಯಲ್ಲಿ ನೆಲೆನಿಂತ ದಿನ. ‘ಜನಿಸಿದ ದಿನವೆಂದು ಆಚರಿಸುತ್ತೇವೆ’ ಎಂದು ಬರೆದರೆ ರಾಯಣ್ಣನ ಗೌರವಕ್ಕೂ ಕುಂದಿಲ್ಲ, ಇತಿಹಾಸಕ್ಕೂ ಕುಂದಿಲ್ಲ.

ಹೆಜ್ಜೆ 6: ಆಕಸ್ಮಿಕವೋ, ಆಯ್ಕೆಯೋ?

ಈಗ ಕೊನೆಯ ಕಲಂ. ಪ್ರತಿ ಘಟನೆಗೂ ಒಂದೇ ಪ್ರಶ್ನೆ ಹಾಕಿ: ಈ ದಿನವೇ ಆಗಬೇಕೆಂದು ಯಾರಾದರೂ ನಿಶ್ಚಯಿಸಿದ್ದರೇ? ನಿಶ್ಚಯಿಸಿದ್ದರೆ ಏಕೆ?

ಭಾರತಕ್ಕೆ ಅಧಿಕಾರ ಹಸ್ತಾಂತರಿಸಲು ಬ್ರಿಟಿಷ್ ಸರಕಾರ ಮೊದಲು ಹೇಳಿದ್ದ ಗಡುವು 1948ರ ಜೂನ್. ಅದನ್ನು ಹಿಂದಕ್ಕೆಳೆದು ಆಗಸ್ಟ್ 15 ಎಂದವರು ವೈಸ್‌ರಾಯ್ ಮೌಂಟ್‌ಬ್ಯಾಟನ್. ಅವರೇ ಮುಂದೆ ಹೇಳಿಕೊಂಡಂತೆ, ಜಪಾನ್ ಶರಣಾಗಿ ಎರಡು ವರ್ಷ ತುಂಬುವ ದಿನ ಎಂಬುದು ಅವರ ಮನಸ್ಸಿನಲ್ಲಿತ್ತು. ಯುದ್ಧದಲ್ಲಿ ಆಗ್ನೇಯ ಏಷ್ಯಾದ ಮಿತ್ರಪಡೆಗಳ ಮುಖ್ಯಸ್ಥರಾಗಿದ್ದವರು ಅವರೇ. ಅಂದರೆ ಟೋಕಿಯೊದ ಆ ಮಧ್ಯಾಹ್ನ ದಿಲ್ಲಿಯ ನಡುರಾತ್ರಿಯನ್ನು ನಿರ್ಧರಿಸಿತು.

ಕೊರಿಯಾದ ಕಥೆಯೂ ಅಲ್ಲಿಂದಲೇ ಹೊರಡುತ್ತದೆ. 1910ರಿಂದ ಜಪಾನಿನ ಆಳ್ವಿಕೆಯಲ್ಲಿದ್ದ ಕೊರಿಯಾಕ್ಕೆ 1945ರ ಆಗಸ್ಟ್ 15 ಬಿಡುಗಡೆಯ ದಿನ. ಮೂರು ವರ್ಷದ ಮೇಲೆ ಸೋಲ್‌ನಲ್ಲಿ ಹೊಸ ಗಣರಾಜ್ಯವನ್ನು ಸಾರಿದ್ದೂ ಅದೇ ದಿನ. ನಮಗೂ ಕೊರಿಯನ್ನರಿಗೂ ಸ್ವಾತಂತ್ರ್ಯದ ದಿನ ಒಂದೇ ಆಗಿರುವುದು ಕಾಕತಾಳೀಯವಲ್ಲ, ಎರಡರ ಬೇರೂ ಒಂದೇ.

1947ರ ಆಗಸ್ಟ್ 15 ತಾನೇ ಒಂದು ಬೇರಾಗಿ ಮತ್ತೆ ಚಿಗುರಿತು. ಇಂದು ಬೆಂಗಳೂರಿನಲ್ಲಿ ಕೇಂದ್ರ ಕಚೇರಿ ಇರುವ ಇಸ್ರೊ 1969ರ ಸ್ವಾತಂತ್ರ್ಯ ದಿನದಂದು ಹುಟ್ಟಿತು. ಆರು ಅಂಕಿಯ ಪಿನ್‌ಕೋಡ್ 1972ರಲ್ಲಿ, ಸ್ವಾತಂತ್ರ್ಯದ ಇಪ್ಪತ್ತೈದನೇ ವರ್ಷ ತುಂಬಿದ ದಿನ ಜಾರಿಗೆ ಬಂತು. ನಮ್ಮ ವಿಳಾಸಗಳ ಕೊನೆಯಲ್ಲಿ 56ರಿಂದ 59ರವರೆಗಿನ ಅಂಕಿಗಳಿಂದ ಶುರುವಾಗುವ ಸಂಖ್ಯೆಯ ಹುಟ್ಟುಹಬ್ಬ ಅದು. ಇದನ್ನು ಹೇಳಿದರೆ ಮಕ್ಕಳು ತಮ್ಮೂರಿನ ಪಿನ್ ಹೇಳಲು ಕೈ ಎತ್ತುತ್ತಾರೆ. 1955ರಲ್ಲಿ ಗೋವಾ ಸತ್ಯಾಗ್ರಹಿಗಳು ಗಡಿ ದಾಟಲು ಆರಿಸಿಕೊಂಡದ್ದೂ ಇದೇ ದಿನ. ಸ್ವತಂತ್ರವಾಗದ ನೆಲ ಇನ್ನೂ ಉಳಿದಿದೆ ಎಂದು ಹೇಳಲು ಅದಕ್ಕಿಂತ ತಕ್ಕ ದಿನ ಇರಲಿಲ್ಲ.

ಉಳಿದವು ಆಕಸ್ಮಿಕ. ನೆಪೋಲಿಯನ್, ಪನಾಮಾ ಕಾಲುವೆ, ನಿಕ್ಸನ್ ಇವರಿಗೂ ನಮಗೂ ಈ ದಿನದ ಮಟ್ಟಿಗೆ ನಂಟಿಲ್ಲ. 1950ರಲ್ಲಿ ಮೂರನೇ ಸ್ವಾತಂತ್ರ್ಯೋತ್ಸವದ ಸಂಜೆ ಅಸ್ಸಾಂ ನಡುಗಿತು, 8.6ರ ತೀವ್ರತೆ, ಬೆಟ್ಟಗಳು ಕುಸಿದು ನದಿಗಳಿಗೆ ಅಡ್ಡ ಬಿದ್ದು, ಆ ಕಟ್ಟೆಗಳು ಒಡೆದಾಗ ಪ್ರವಾಹ. ಭೂಮಿಗೆ ಕ್ಯಾಲೆಂಡರ್ ಗೊತ್ತಿಲ್ಲ.

ಆದರೆ ಆಕಸ್ಮಿಕವೆಂದು ಬರೆದು ಕೈತೊಳೆದುಕೊಳ್ಳಬೇಡಿ. ಆಕಸ್ಮಿಕವನ್ನು ಜನ ಹೇಗೆ ಕಂಡರು ಎಂಬುದೂ ಇತಿಹಾಸವೇ. ಸ್ವಾತಂತ್ರ್ಯದ ದಿನಕ್ಕಾಗಿ ತಿರುಚಿರಾಪಳ್ಳಿ ಆಕಾಶವಾಣಿಗೆ ಕೊಟ್ಟ ಸಂದೇಶದಲ್ಲಿ ಅರವಿಂದರು ಇದು ತಮ್ಮ ಹುಟ್ಟಿದ ದಿನವೂ ಹೌದು, ಈ ಕೂಡಿಕೆಯನ್ನು ಬರಿಯ ಆಕಸ್ಮಿಕವೆಂದು ತಾವು ಎಣಿಸುವುದಿಲ್ಲ ಎಂದರು. ಅಂದೇ ಗಾಂಧೀಜಿ ಕಲ್ಕತ್ತದ ಬೇಲಿಯಾಘಾಟದ ಮನೆಯೊಂದರಲ್ಲಿ ಉಪವಾಸವಿದ್ದು ಚರಕ ತಿರುಗಿಸುತ್ತಿದ್ದರು. ಅವರ ಮಹಾದೇವ ತೀರಿಕೊಂಡು ಆವತ್ತಿಗೆ ಸರಿಯಾಗಿ ಐದು ವರ್ಷ.

ರಾಯಣ್ಣನ ಎರಡು ದಿನಗಳಂತೂ ಮೈ ನವಿರೇಳಿಸುತ್ತವೆ. ಹುಟ್ಟಿದ ದಿನವೆಂದು ಆಚರಿಸುವುದು ಆಗಸ್ಟ್ 15, ಬಲಿದಾನ ಜನವರಿ 26. ಜನವರಿ 26 ನಮ್ಮ ಗಣರಾಜ್ಯ ದಿನವಾದದ್ದು ರಾಯಣ್ಣನ ಕಾರಣದಿಂದಲ್ಲ. 1929ರ ಲಾಹೋರ್ ಅಧಿವೇಶನದ ಪೂರ್ಣ ಸ್ವರಾಜ್ಯದ ನಿರ್ಧಾರದಂತೆ 1930ರ ಜನವರಿ 26ನ್ನು ಸ್ವಾತಂತ್ರ್ಯ ದಿನವಾಗಿ ಆಚರಿಸಿದ್ದರು. ಆ ನೆನಪು ಉಳಿಯಲೆಂದು, 1949ರ ನವೆಂಬರ್ 26ರಂದೇ ಅಂಗೀಕಾರವಾಗಿದ್ದ ಸಂವಿಧಾನವನ್ನು ಪೂರ್ಣವಾಗಿ ಜಾರಿಗೆ ತರಲು 1950ರ ಜನವರಿ 26ರವರೆಗೆ ಕಾದರು. ಅಲ್ಲಿ ಆಯ್ಕೆ, ರಾಯಣ್ಣನಲ್ಲಿ ಆಕಸ್ಮಿಕ. ಎರಡನ್ನೂ ಹೀಗೆ ಬಿಡಿಸಿ ಹೇಳಿದರೂ ಮೈ ನವಿರೇಳುವುದು ನಿಲ್ಲುವುದಿಲ್ಲ.

ಹೆಜ್ಜೆ 7: ಆ ದಿನ ನಮ್ಮೂರಿನಲ್ಲಿ ಏನಾಗಿತ್ತು?

ದೊಡ್ಡ ಘಟನೆಯ ಪಕ್ಕದಲ್ಲಿ ನಿಮ್ಮ ಜಿಲ್ಲೆಯನ್ನು ಇಟ್ಟು ನೋಡಿ. 1947ರ ಆಗಸ್ಟ್ 15ರಂದು ಧಾರವಾಡ, ಬೆಳಗಾವಿಗಳು ಮುಂಬೈ ಪ್ರಾಂತದಲ್ಲಿದ್ದವು, ಮಂಗಳೂರು, ಬಳ್ಳಾರಿಗಳು ಮದ್ರಾಸಿನಲ್ಲಿ. ಅಲ್ಲೆಲ್ಲ ಅಂದೇ ಸ್ವಾತಂತ್ರ್ಯ. ಮೈಸೂರು ಸಂಸ್ಥಾನ ಭಾರತಕ್ಕೆ ಸೇರಿದ್ದರೂ ಜನರ ಸರಕಾರ ಬಂದಿರಲಿಲ್ಲ. ಸೆಪ್ಟೆಂಬರಿನಲ್ಲಿ ‘ಮೈಸೂರು ಚಲೋ’ ಚಳವಳಿ ನಡೆದು, ಕೆ.ಸಿ. ರೆಡ್ಡಿಯವರ ಮಂತ್ರಿಮಂಡಲ ಬಂದದ್ದು ಅಕ್ಟೋಬರಿನಲ್ಲಿ. ಬೀದರ್, ಕಲಬುರಗಿ, ರಾಯಚೂರಿನವರು ನಿಜಾಮನ ಆಳ್ವಿಕೆಯಿಂದ ಹೊರಬರಲು 1948ರ ಸೆಪ್ಟೆಂಬರ್ 17ರ ತನಕ ಕಾಯಬೇಕಾಯಿತು. ಕಲಬುರಗಿಯ ಶಾಲೆಯೊಂದರ ಆಗಸ್ಟ್ 15ರ ಹಲಗೆಯಲ್ಲಿ ಈ ಮಾತು ಇಲ್ಲದಿದ್ದರೆ ಆ ಹಲಗೆ ಅಪೂರ್ಣ. ಊರಿನ ಹಿರಿಯರನ್ನು ಕೇಳಿ ಬರೆಯಿರಿ, ‘ಹಿರಿಯರು ಹೇಳಿದಂತೆ’ ಎಂದು ಸೇರಿಸಿ.

ಹೆಜ್ಜೆ 8: ಬರೆಯುವುದು

ಇಸವಿಯ ಕ್ರಮ ಬಿಡಿ. ಮೊದಲು ಬೇರು, ಆಮೇಲೆ ಅದರಿಂದ ಹೊರಟವು, ಕೊನೆಗೆ ಒಂದೋ ಎರಡೋ ಆಕಸ್ಮಿಕ. ಪ್ರಾರ್ಥನೆಯಲ್ಲಿ ಓದಲು ಇಷ್ಟು ಸಾಕು:

‘1945ರ ಈ ದಿನ ಮಧ್ಯಾಹ್ನ ಜಪಾನಿನ ಚಕ್ರವರ್ತಿ ರೇಡಿಯೊದಲ್ಲಿ ಸೋಲನ್ನು ಒಪ್ಪಿಕೊಂಡರು. ಅದರ ಎರಡನೇ ವರ್ಷದ ದಿನವನ್ನೇ ಮೌಂಟ್‌ಬ್ಯಾಟನ್ ಭಾರತದ ಸ್ವಾತಂತ್ರ್ಯಕ್ಕೆ ಗೊತ್ತುಮಾಡಿದರು. ಆ ಸ್ವಾತಂತ್ರ್ಯದ ಇಪ್ಪತ್ತೈದನೇ ವರ್ಷಕ್ಕೆ, 1972ರಲ್ಲಿ, ನಮ್ಮ ವಿಳಾಸಗಳಿಗೆ ಪಿನ್‌ಕೋಡ್ ಬಂತು. ಸಂಗೊಳ್ಳಿ ರಾಯಣ್ಣನ ಜನ್ಮದಿನವೆಂದು ನಾವು ಆಚರಿಸುವುದೂ ಇದೇ ದಿನ. 1950ರ ಇದೇ ಸಂಜೆ ಅಸ್ಸಾಮಿನಲ್ಲಿ ಭೂಕಂಪವಾಗಿ ಸಾವಿರಕ್ಕೂ ಹೆಚ್ಚು ಜನ ಮಡಿದರು, ಅವರನ್ನೂ ನೆನೆಯೋಣ.’

ಸಾವುನೋವಿನ ಸಾಲನ್ನು ಶುಭಾಶಯದ ಚಿತ್ರದ ಕೆಳಗೆ ಅಂಟಿಸಬೇಡಿ. ಹತ್ಯೆ, ಗಲಭೆಗಳ ವಿವರ ಚಿಕ್ಕ ಮಕ್ಕಳಿಗೆ ಬೇಡ. ಮುಜಿಬುರ್ ರಹಮಾನ್ ಅವರ ವಿಷಯ ಭಿತ್ತಿಪತ್ರಿಕೆಗೆ ಇಟ್ಟುಕೊಳ್ಳಿ.

ಹೆಜ್ಜೆ 9: ಪುಟವನ್ನು ಮುಚ್ಚಬೇಡಿ

ಮುಂದಿನ ವರ್ಷ ಅದೇ ತಾರೀಖು ಬರುತ್ತದೆ. ಯಾರಾದರೂ ತಪ್ಪು ತೋರಿಸಿದರೆ ಹಳೆಯ ಸಾಲನ್ನು ಅಳಿಸದೆ ಒಂದು ಗೆರೆ ಹೊಡೆದು, ಸರಿಯಾದದ್ದನ್ನು ಮೂಲದ ಸಮೇತ ಪಕ್ಕದಲ್ಲಿ ಬರೆಯಿರಿ.

ಕೈ ಪಳಗಿಸಲು ಎರಡನೇ ದಿನವಾಗಿ ನವೆಂಬರ್ 1ನ್ನು ತೆಗೆದುಕೊಳ್ಳಿ. 1956ರಲ್ಲಿ ವಿಶಾಲ ಮೈಸೂರು, ಕೇರಳ, ಆಂಧ್ರಪ್ರದೇಶ, ಮಧ್ಯಪ್ರದೇಶ, 1966ರಲ್ಲಿ ಹರಿಯಾಣ, 1973ರಲ್ಲಿ ಮೈಸೂರು ರಾಜ್ಯ ಕರ್ನಾಟಕವಾದದ್ದು, 2000ದಲ್ಲಿ ಛತ್ತೀಸಗಡ, 1755ರಲ್ಲಿ ಲಿಸ್ಬನ್ ಭೂಕಂಪ. ಇವುಗಳಲ್ಲಿ ಯಾವುವು ಒಂದೇ ಕಾನೂನಿನಿಂದ ಒಟ್ಟಿಗೆ ಹುಟ್ಟಿದವು, ಯಾವುದು ಹಳೆಯ ದಿನವನ್ನು ನೆನೆದು ಆರಿಸಿದ್ದು, ಯಾವುದು ಬರಿಯ ಆಕಸ್ಮಿಕ? ದಸರಾ ರಜೆಯಲ್ಲಿ ಮಕ್ಕಳಿಗೇ ಈ ಕೆಲಸ ಕೊಟ್ಟರೆ, ರಾಜ್ಯೋತ್ಸವದ ಹೊತ್ತಿಗೆ ಹಲಗೆ ಸಿದ್ಧವಾಗುತ್ತದೆ.